ಸುಭದ್ರೆಯ ಕೈಯಲ್ಲಿ ಲಗಾಮು

“ಆಟದಲ್ಲಿ ಗಂಡಸಿಗೆ ಪ್ರೀತಿ ಹುಟ್ಟಿದ ಕೂಡಲೆ ಬುದ್ಧಿ ಎಲ್ಲಿಗೆ ಹೋಗ್ತು ತಮ್ಮಾ?”

ಬೇಲಿಯ ಆ ಬದಿಯಿಂದ ಆಚೆಮನೆ ಅಕ್ಕ ಕೇಳಿದರು. ಕೈಯಲ್ಲಿ ತೆಂಗಿನ ಗರಿ, ಹಿಡಿಕಡ್ಡಿ ಸೀಳುವ ಕೆಲಸ ಸಾಗಿಯೇ ಇತ್ತು. ಹಿಂದಿನ ರಾತ್ರಿ ಊರಲ್ಲಿ ಯಕ್ಷಗಾನದ ಹರಕೆ ಆಟ, ಪ್ರಸಂಗ ‘ಸುಭದ್ರಾ ಕಲ್ಯಾಣ’. ನಮ್ಮ ಹೊಳೆಸಾಲಿನಲ್ಲಿ ಆಟದ ಮರುದಿನ ಅರ್ಧ ಆಟ ಬೇಲಿಯ ಮೇಲೆಯೇ ನಡೆಯುತ್ತದೆ. ಯಾರ ಅರ್ಥ ಚೆನ್ನಾಗಿತ್ತು, ಯಾರ ಕುಣಿತ ಸೋತಿತು, ಭಾಗವತರ ಗಂಟಲು ಎಲ್ಲಿ ಕೂತಿತು, ಎಲ್ಲವೂ ಅಲ್ಲಿ ತೀರ್ಮಾನವಾಗಬೇಕು.

“ಎಲ್ಲಿಗೂ ಹೋಗುವುದಿಲ್ಲ ಅಕ್ಕಾ, ಅವಳ ಕೈಗೆ ಹೋಗಿ ಸೇರುತ್ತದೆ” ಎಂದೆ. ಅಕ್ಕ ನಕ್ಕರು. ನಾನು ಮನಸ್ಸಿಟ್ಟೇ ಹೇಳಿದ್ದೆ.

ಅರ್ಜುನನನ್ನೇ ನೋಡಿ. ದ್ರುಪದನ ಊರಲ್ಲಿ ಮತ್ಸ್ಯಯಂತ್ರ ಹೊಡೆದವನು, ಗಾಂಡೀವ ಪಡೆದು ಖಾಂಡವ ಸುಡಬೇಕಾದವನು. ಅಂಥವನು ದ್ವಾರಕೆಗೆ ಬಂದು ಕಾವಿ ಉಟ್ಟು ಕುಳಿತರೆ ಒಂದು ಜಪಮಣಿ ಸರಿಯಾಗಿ ಎಣಿಸಲಾರ. ಬಲರಾಮನಿಗೆ ತಂಗಿಯನ್ನು ದುರ್ಯೋಧನನಿಗೆ ಕೊಡುವ ಆಸೆ, ಕೃಷ್ಣನಿಗೆ ಗೆಳೆಯನಿಗೆ ಕೊಡುವ ಆಸೆ. ನಡುವೆ ಈ ಕಪಟ ಸನ್ಯಾಸಿ. ಬಲರಾಮ ಪಾಪ, ಎಂಥ ತೇಜಸ್ಸು, ಎಂಥ ವೈರಾಗ್ಯ ಎಂದು ಉಬ್ಬಿಹೋಗಿ ಸ್ವಾಮಿಗಳ ಸೇವೆಗೆ ತಂಗಿಯನ್ನೇ ನೇಮಿಸಿಬಿಡುತ್ತಾನೆ. ಇನ್ನು ಸನ್ಯಾಸಿಯ ಗತಿ ಕೇಳುವುದೇ ಬೇಡ. ಬಿಲ್ಲು ಹಿಡಿದಾಗ ಮೂರು ಲೋಕಕ್ಕೆ ಹೆದರದವನು ಹಣ್ಣಿನ ಹರಿವಾಣ ಹಿಡಿದು ಬಂದ ಹುಡುಗಿಯ ಎದುರು ಕಮಂಡಲು ಎಲ್ಲಿಟ್ಟೆ ಎಂದು ತಡಕಾಡುತ್ತಾನೆ, ಅದು ಅವನ ಎಡಗೈಯಲ್ಲೇ ಇರುತ್ತದೆ.

ರಾತ್ರಿಯ ಸ್ತ್ರೀವೇಷಧಾರಿ ಒಂದು ಕೆಲಸ ಮಾಡಿದರು, ಅದನ್ನು ಅಕ್ಕನೂ ಗಮನಿಸಿದ್ದರು. ಸುಭದ್ರೆ ಕೇಳುತ್ತಾಳೆ: ಸ್ವಾಮಿಗಳು ಎಷ್ಟೋ ತೀರ್ಥ ನೋಡಿ ಬಂದವರು, ಇಂದ್ರಪ್ರಸ್ಥದ ಮೇಲೆ ಹಾದು ಬಂದಿರಬಹುದಲ್ಲ, ಅಲ್ಲಿ ಐವರಲ್ಲಿ ನಡುವಿನವರು ಸೌಖ್ಯವೇ? ಸನ್ಯಾಸಿ ಕಣ್ಣು ಮುಚ್ಚಿಕೊಂಡೇ, ಯಾರು, ಗುರುತು ಹೇಳು ಎನ್ನುತ್ತಾನೆ. ಅವಳು ಗುರುತು ಹೇಳುವುದಕ್ಕೆ ಶುರುಮಾಡಿದಳು. ಎರಡೂ ಕೈಯಿಂದ ಬಾಣ ಬಿಡುವವರಂತೆ, ಹೆದೆ ತೀಡಿ ಎರಡೂ ಮುಂಗೈಯಲ್ಲಿ ಕಲೆ ಬಿದ್ದಿದೆಯಂತೆ. ಮಾತು ಹೀಗೆ ಹೋಗುತ್ತಿರುವಾಗ ಅವಳ ನೋಟ ಮೆಲ್ಲಗೆ ಇಳಿದು ಸನ್ಯಾಸಿಯ ಮುಂಗೈಯ ಮೇಲೆ ಕೂತಿತು. ಮದ್ದಳೆ ಮಾತ್ರ ಸಣ್ಣಗೆ ನುಡಿಯುತ್ತಿತ್ತು. ಸನ್ಯಾಸಿ ಕಣ್ಣು ತೆರೆದ, ಅವಳ ನೋಟ ಎಲ್ಲಿದೆ ಎಂದು ಕಂಡ, ಕಾವಿಯ ಸೆರಗನ್ನು ಮೊಣಕೈವರೆಗೆ ಎಳೆದುಕೊಂಡ. ಎಳೆದ ರಭಸಕ್ಕೆ ಜಪಮಾಲೆ ಕೆಳಗೆ ಬಿತ್ತು. ಅವಳು ಬಗ್ಗಿ ಹೆಕ್ಕಿ, ಎರಡೂ ಕೈಯಲ್ಲಿ ಹಿಡಿದು, ಸ್ವಾಮಿ, ಎಲ್ಲಿಗೆ ನಿಲ್ಲಿಸಿದ್ದಿರೋ ಅಲ್ಲಿಂದಲೇ ಮುಂದುವರಿಸಿ ಎಂದು ಕೊಟ್ಟಳು. ಹೆಂಗಸರ ಬದಿಯಿಂದ ಎದ್ದ ನಗೆ ಇನ್ನೂ ನನ್ನ ಕಿವಿಯಲ್ಲಿದೆ.

ಆ ನಗೆ ಎಂಥದು ಎಂಬುದೇ ನನಗೆ ಮುಖ್ಯ. ಗಂಡಸು ಎಡವಿದ ಎಂದು ನಕ್ಕದ್ದಷ್ಟೇ ಅಲ್ಲ, ಅವಳಿಗೆ ಮೊದಲೇ ಗೊತ್ತಿತ್ತು ಎಂದು ತಿಳಿದು ನಕ್ಕದ್ದು. ಅವಳು ಮೋಸ ಹೋಗಲಿಲ್ಲ, ಅವನನ್ನು ಬಯಲಿಗೂ ಎಳೆಯಲಿಲ್ಲ. ಅವನ ವೇಷ ಉಳಿಯುವಷ್ಟು ಹೊತ್ತು ಉಳಿಯಲಿ ಎಂದು ಬಿಟ್ಟಳು. ಮುಂದೆ ಓಡಿಹೋಗುವ ಹೊತ್ತಿಗೆ, ಮಹಾಭಾರತದ ದಕ್ಷಿಣದ ಪಾಠದಲ್ಲಿ, ರಥದ ಲಗಾಮು ಹಿಡಿಯುವವಳೂ ಅವಳೇ. ಯಾದವರು ಬೆನ್ನು ಹತ್ತಿದರೆ ಅರ್ಜುನ ಬಾಣ ಬಿಡಬೇಕಾದವನು, ಕುದುರೆಗೆ ದಾರಿ ಹೇಳುವವಳು ಸುಭದ್ರೆ. ಸನ್ಯಾಸಿಯ ಕಥೆಯೂ ಆ ಪಾಠದ್ದೇ. ಉತ್ತರದ ಪಾಠದಲ್ಲಿ ರೈವತಕದ ಹಬ್ಬದಲ್ಲಿ ಕಂಡ, ಎತ್ತಿಕೊಂಡು ಹೋದ ಎಂದು ಮುಗಿಯುತ್ತದೆ. ನಮ್ಮ ಕಡೆಯವರಿಗೆ ಅಷ್ಟು ಸಾಲಲಿಲ್ಲ. ಹೊತ್ತುಕೊಂಡು ಹೋಗುವ ಗಂಡಸಿಗಿಂತ ಜಪಮಣಿ ಬೀಳಿಸುವ ಗಂಡಸು ಇವರಿಗೆ ಹೆಚ್ಚು ಹಿಡಿಸಿದ. ನನಗೂ ಅವನೇ ಇಷ್ಟ.

“ಆ ಕೈಕಲೆ ಅವಂಗೆ ಮತ್ತೂ ಒಂದ್ಸಲ ತೊಂದರೆ ಕೊಡ್ತು ಅಲ್ದಾ?” ಅಕ್ಕ ನೆನಪಿಸಿದರು. “ವಿರಾಟನ ಮನೆಲಿ ಬಳೆ ಹಾಕ್ಯಂಡು ಮುಚ್ಚಿದ್ದು ಅದನ್ನೇಯ.”

ಹೌದು. ಅದೇ ಅರ್ಜುನ ಬೃಹನ್ನಳೆಯಾಗಿ ಬಳೆಯ ಸಾಲಿನಡಿ ಅದೇ ಕಲೆಗಳನ್ನು ಮುಚ್ಚಿ ಉತ್ತರೆಗೆ ಕುಣಿತ ಕಲಿಸುತ್ತ ಕುಳಿತ. ಆ ಮನೆಯಲ್ಲೇ ಇದ್ದ ನಮ್ಮ ಕನ್ನಡದ ಎಲ್ಲಕ್ಕಿಂತ ದೊಡ್ಡ ಎಡವಟ್ಟು ವೀರ, ಉತ್ತರಕುಮಾರ. ಒಲೆಯ ಮುಂದಿನ ಪೌರುಷಕ್ಕೆ ಗಾದೆಯಾಗಿ ಉಳಿದವನು. ಗದುಗಿನ ಕುಮಾರವ್ಯಾಸ ಅವನನ್ನು ಹೆಂಗಸರ ನಡುವೆ ನಿಲ್ಲಿಸಿ ಬಡಾಯಿ ಕೊಚ್ಚಿಸಿದ ಚೆಂದ ಆರು ಶತಮಾನವಾದರೂ ಮಾಸಿಲ್ಲ. ಭೀಷ್ಮ ಮುದುಕ, ದ್ರೋಣ ಹಾರುವ, ಕರ್ಣನದೇನು ಲೆಕ್ಕ. ಒಬ್ಬ ಸಾರಥಿ ಸಿಗಲಿ, ನೋಡಿಕೊಳ್ಳುತ್ತೇನೆ ಎನ್ನುವ ಹುಡುಗ. ಸಾರಥಿ ಯಾರು ಎಂದು ತೋರಿಸಿಕೊಟ್ಟವಳು ಸೈರಂಧ್ರಿಯಾಗಿದ್ದ ದ್ರೌಪದಿ. ಅಡುಗೆಮನೆ, ಅಂತಃಪುರ, ರಣರಂಗ ಮೂರರ ಲೆಕ್ಕವನ್ನೂ ತಲೆಯಲ್ಲಿ ಇಟ್ಟುಕೊಂಡವಳು ಅವಳೊಬ್ಬಳೇ. ರಥ ಹೊರಟಿತು, ಕೌರವರ ಸೇನೆ ಕಂಡಿತು, ಹುಡುಗ ರಥದಿಂದ ಹಾರಿ ಓಡಿದ. ಜಡೆ ಹಾರಿಸುತ್ತ ಬೃಹನ್ನಳೆ ಹಿಂದೆ ಓಡಿ ಅವನನ್ನು ಹಿಡಿದು ತಂದು ಲಗಾಮು ಕೈಗೆ ಕೊಟ್ಟಳು.

ಇಲ್ಲಿಯವರೆಗೆ ಎಲ್ಲರಿಗೂ ಗೊತ್ತು. ನನಗೆ ಪ್ರೀತಿ ಇರುವುದು ಅಲ್ಲಿಂದ ಮುಂದಿನ ಉತ್ತರನ ಮೇಲೆ. ಸಮ್ಮೋಹನಾಸ್ತ್ರಕ್ಕೆ ಕೌರವರು ಮೈಮರೆತು ಬಿದ್ದಾಗ ಅರ್ಜುನ ಹೇಳುತ್ತಾನೆ: ಹೊರಡುವಾಗ ನಿನ್ನ ತಂಗಿ ಗೊಂಬೆಗೆ ಬಟ್ಟೆ ಕೇಳಿದ್ದಳು, ಹೋಗಿ ತಾ. ಬೆಳಿಗ್ಗೆ ಓಡಿಹೋಗಿದ್ದ ಹುಡುಗ ಮಧ್ಯಾಹ್ನ ಆ ಮಹಾರಥರ ನಡುವೆ ಒಬ್ಬನೇ ನಡೆಯುತ್ತಾನೆ. ದ್ರೋಣನದು, ಕೃಪನದು ಬಿಳಿ, ಕರ್ಣನದು ಹಳದಿ, ಅಶ್ವತ್ಥಾಮನದು, ದುರ್ಯೋಧನನದು ನೀಲಿ. ಒಂದೊಂದೇ ಉತ್ತರೀಯ ಬಿಚ್ಚಿ ತೋಳಿನ ಮೇಲೆ ಹಾಕಿಕೊಳ್ಳುತ್ತಾನೆ. ಭೀಷ್ಮನ ಬಳಿ ಮಾತ್ರ ಹೋಗಬೇಡ, ಆತನಿಗೆ ಎಚ್ಚರವಿದೆ ಎಂದು ಅರ್ಜುನ ಎಚ್ಚರಿಸಿದ್ದಾನೆ. ಆ ಭಾಗವನ್ನು ಒಬ್ಬ ಒಳ್ಳೆಯ ಹಾಸ್ಯಗಾರ ಮಾಡಿದರೆ ಎಂಥ ಕಾಲುನಡಿಗೆ ಅದು! ಹೆಜ್ಜೆಗೆ ಒಂದು ಹೆದರಿಕೆ, ಹೆಜ್ಜೆಗೆ ಒಂದು ಧೈರ್ಯ. ಮನೆಗೆ ಬಂದ ಮೇಲೆ ಅಪ್ಪ ಮಗನೇ ಗೆದ್ದ ಎಂದು ಕುಣಿಯುತ್ತಿದ್ದಾಗ, ಗೆದ್ದವನು ನಾನಲ್ಲ ಎಂದು ಸಭೆಯ ಮುಂದೆ ಹೇಳಿದವನೂ ಅವನೇ. ಗೆಲುವಿನ ಮಾಲೆ ಕೊರಳಿಗೆ ಬಂದಾಗ ತೆಗೆದು ಕೊಡುವ ವೀರರು ಎಷ್ಟು ಜನ? ಕುರುಕ್ಷೇತ್ರದ ಮೊದಲ ದಿನವೇ ಶಲ್ಯನ ಕೈಯಲ್ಲಿ ಸತ್ತ, ಓಡಲಿಲ್ಲ. ಗಾದೆಯವರು ಅಷ್ಟು ದೂರ ಓದಲಿಲ್ಲ ಎಂಬುದು ನನಗೆ ಬೇಸರ.

ಅದೇ ಮನೆಯಲ್ಲಿ ಕೀಚಕನೂ ಇದ್ದ. ಬಲದಲ್ಲಿ ಉತ್ತರನಂಥ ನೂರು ಜನರ ಸಮ. ಸೈರಂಧ್ರಿ ಬೇಡ ಎಂದದ್ದು ಅವನ ಕಿವಿಗೆ ಹೋಗಲೇ ಇಲ್ಲ, ಅದಕ್ಕೆ ನಾಟ್ಯಶಾಲೆಯ ಕತ್ತಲಲ್ಲಿ ಮುದ್ದೆಯಾದ. ಉತ್ತರ ಅವಳ ಮಾತು ಕೇಳಿದ, ಬದುಕಿದ, ಮನುಷ್ಯನಾದ. ಒಂದೇ ರಾತ್ರಿಯ ಆಟದಲ್ಲಿ ಇಬ್ಬರೂ ಬಂದು ಹೋಗುತ್ತಾರೆ, ನಾವು ಕೀಚಕನ ಕುಣಿತವನ್ನು ಮಾತ್ರ ವರ್ಷಗಟ್ಟಲೆ ನೆನೆಯುತ್ತೇವೆ. ನೆನೆಯುವುದರಲ್ಲಿ ತಪ್ಪಿಲ್ಲ, ಚಿಟ್ಟಾಣಿ ರಾಮಚಂದ್ರ ಹೆಗಡೆಯವರ ಕೀಚಕನನ್ನು ಕಂಡವರಿಗೆ ಮರೆಯುವುದು ಆಗುವುದೂ ಇಲ್ಲ. 2012ರಲ್ಲಿ ಅವರಿಗೆ ಪದ್ಮಶ್ರೀ ಬಂತು, 2017ರಲ್ಲಿ ಹೋಗಿಬಿಟ್ಟರು. ಹೊನ್ನಾವರ ತಾಲೂಕಿನವರಿಗೆ ಅವರು ಮನೆಯ ಹಿರಿಯರು.

ಅವರ ಭಸ್ಮಾಸುರ ಇನ್ನೂ ದೊಡ್ಡ ಹೆಸರು. ತಲೆಯ ಮೇಲೆ ಕೈ ಇಟ್ಟರೆ ಸುಟ್ಟು ಬೂದಿ ಮಾಡುವ ವರ ಪಡೆದ ರಾಕ್ಷಸ ಮೋಹಿನಿಯ ಹಿಂದೆ ಹೆಜ್ಜೆ ಕಲಿಯುತ್ತಾನೆ. ಅವಳು ಸೊಂಟ ಬಾಗಿಸಿದಂತೆ ಬಾಗಿಸಲು ಹೋಗುತ್ತಾನೆ, ಬಾಗುವುದಿಲ್ಲ. ಮತ್ತೆ ಪ್ರಯತ್ನ. ಮೈ ತುಂಬ ಬಣ್ಣ ಹೊತ್ತ ಆ ದೊಡ್ಡ ದೇಹ ಒಂದು ಬಳುಕಿಗಾಗಿ ಪರದಾಡುವಾಗ ಜನಕ್ಕೆ ಅವನ ಮೇಲೆ ಕರುಣೆ ಹುಟ್ಟುತ್ತದೆ. ಅವಳು ಕೈಯನ್ನು ತಲೆಯ ಮೇಲೆ ಇಟ್ಟಳು, ಅವನೂ ಇಟ್ಟ. ಮುಗಿಯಿತು.

“ಅದು ಪ್ರೀತಿ ಅಲ್ಲ ತಮ್ಮಾ, ಅದು ಬೇಟೆ” ಅಂದರು ಅಕ್ಕ. ಒಪ್ಪಿದೆ. ಅದನ್ನು ನಾನು ಈ ಸಾಲಿಗೆ ಸೇರಿಸಬಾರದಿತ್ತು ಎಂದು ಅವರು ಹೇಳಿದ್ದು ಸರಿಯೇ, ಕುಣಿತದ ಸೊಗಸಿಗೆ ಸೇರಿಸಿದೆ.

ಹಾಗಾದರೆ ಚಂದ್ರಹಾಸ? ಅವನು ನಮ್ಮ ಪಟ್ಟಿಯಲ್ಲಿ ಇರಲೇಬೇಕಲ್ಲ. ದೇವನೂರಿನ ಲಕ್ಷ್ಮೀಶನ ಜೈಮಿನಿ ಭಾರತದಿಂದ ಇಳಿದು ಬಂದ ಈ ಕಥೆ ನಮ್ಮ ಮೇಳಗಳಲ್ಲಿ ಎಷ್ಟು ಸಲ ಆಗಿದೆಯೋ ದೇವರಿಗೇ ಗೊತ್ತು. ಹುಡುಗ ಒಳ್ಳೆಯವನು, ಶೂರ, ಎಲ್ಲರನ್ನೂ ನಂಬುವವನು. ತನ್ನನ್ನು ಕೊಲ್ಲಿಸುವ ಪತ್ರವನ್ನು ತಾನೇ ಒಯ್ಯುತ್ತಿದ್ದಾನೆ, ಒಡೆದು ನೋಡುವಷ್ಟು ಅನುಮಾನವೂ ಇಲ್ಲ. ಒಯ್ಯುವ ದಾರಿಯಲ್ಲಿ ಮಾವಿನ ಮರದಡಿ ಮಲಗಿ ನಿದ್ದೆ ಹೋಗುತ್ತಾನೆ. ಆಗ ಬರುತ್ತಾಳೆ ವಿಷಯೆ, ಪತ್ರ ಬರೆದ ದುಷ್ಟಬುದ್ಧಿಯ ಮಗಳು. ಪತ್ರ ತೆಗೆದು ಓದುತ್ತಾಳೆ. ಅಪ್ಪ ವಿಷ ಕೊಡಿ ಎಂದು ಬರೆದಿದ್ದಾನೆ. ಕಣ್ಣಿನ ಕಾಡಿಗೆ, ಉಗುರಿನ ತುದಿ, ಅಷ್ಟೇ ಸಲಕರಣೆ. ತನ್ನ ಹೆಸರನ್ನೇ ಅಲ್ಲಿ ತಿದ್ದಿ ಬರೆದು ಪತ್ರವನ್ನು ಇದ್ದ ಹಾಗೆ ಮುಚ್ಚಿಟ್ಟು ಹೋಗುತ್ತಾಳೆ. ಅವನ ಪ್ರಾಣ ಉಳಿಯಿತು, ಮದುವೆಯೂ ನಿಶ್ಚಯವಾಯಿತು, ಅವನಿಗೆ ಎಚ್ಚರವೇ ಆಗಲಿಲ್ಲ. ಇಡೀ ಕಥೆಯಲ್ಲಿ ನಾಯಕ ಮಾಡಿದ ದೊಡ್ಡ ಉಪಕಾರ ಎಂದರೆ ಸರಿಯಾದ ಹೊತ್ತಿಗೆ ನಿದ್ದೆ ಮಾಡಿದ್ದು.

ಅದೇ ಕಾವ್ಯದಲ್ಲಿ ಪ್ರಮೀಳೆ ಇದ್ದಾಳೆ. ಯಾಗದ ಕುದುರೆಯನ್ನು ಕಟ್ಟಿಹಾಕಿ, ಅರ್ಜುನ ಬಂದರೆ, ಮದುವೆಯಾಗು ಇಲ್ಲವೇ ಯುದ್ಧ ಮಾಡು ಎಂದವಳು. ಆಮೇಲೆ ಅವನು ಮದುವೆಗೆ ಒಪ್ಪಿ ಮುಂದೆ ಹೋದ. ಬೇರೇನು ಮಾಡಿಯಾನು.

ಇದೆಲ್ಲ ಪುರಾಣ, ನಿಜದ ಹೆಂಗಸರು ಎಲ್ಲಿದ್ದರು ಎಂದು ಕೇಳುವವರು ಉಂಟು. ನಮ್ಮ ಕಾಲಡಿಯಲ್ಲೇ ಇದ್ದರು. 14ನೇ ಶತಮಾನದಲ್ಲಿ ಇಬ್ನ್ ಬತೂತ ಹೊನ್ನಾವರಕ್ಕೆ ಬಂದಾಗ ಊರಲ್ಲಿ ಗಂಡುಮಕ್ಕಳಿಗೆ 23 ಶಾಲೆ, ಹೆಣ್ಣುಮಕ್ಕಳಿಗೆ 13 ಶಾಲೆ ಕಂಡೆ ಎಂದು ಬರೆದ. ಇಲ್ಲಿಯ ಹೆಂಗಸರಿಗೆ ಕುರಾನ್ ಬಾಯಿಪಾಠ ಎಂದೂ ಬರೆದ. ಅರಬ್ಬಿ ಹಡಗು ಬಂದು ನಿಲ್ಲುವ ರೇವಿನಲ್ಲಿ ಓದು ಬಲ್ಲ ಹೆಣ್ಣುಮಕ್ಕಳು. ಅಷ್ಟು ದೇಶ ತಿರುಗಿದವನಿಗೆ ಅದು ವಿಶೇಷವಾಗಿ ಕಂಡಿತು, ಮರೆಯದೆ ದಾಖಲಿಸಿದ.

ಆಮೇಲೆ ನಮ್ಮ ರಾಣಿ. ಭಟ್ಕಳದ ಹಾಡುವಳ್ಳಿ, ಹೊನ್ನಾವರದ ಗೇರುಸೊಪ್ಪೆ, ಕುಮಟಾದ ಮಿರ್ಜಾನ ಕೋಟೆ, ಮೂರೂ ತಾಲೂಕು ಒಬ್ಬಳ ಹೆಸರು ಹೇಳುತ್ತವೆ: ಚೆನ್ನಭೈರಾದೇವಿ. 1552ರಿಂದ 1606ರವರೆಗೆ, 54 ವರ್ಷ ಆಳಿದಳು ಎನ್ನುತ್ತಾರೆ. ಘಟ್ಟದಿಂದ ಇಳಿದ ಮೆಣಸು ಅವಳ ಹೊಳೆಗಳ ಮೇಲೆ ದಾಟಿ ಹಡಗು ಹತ್ತಬೇಕು. ಪೋರ್ಚುಗೀಸರು ಅವಳನ್ನು ಕರೆದದ್ದೇ ಮೆಣಸಿನ ರಾಣಿ ಎಂದು. 1542ರಲ್ಲಿ ಭಟ್ಕಳ ಸುಟ್ಟವರು, 1569ರಲ್ಲಿ ಹೊನ್ನಾವರ ಹಿಡಿದು ಕೋಟೆ ಕಟ್ಟಿದವರು, ಕೊನೆಗೂ ಮೆಣಸಿಗಾಗಿ ಅವಳ ಬಾಗಿಲಿಗೇ ಬರಬೇಕಾಯಿತು. ಉಕ್ಕಿನ ಅಂಗಿ, ಗರಿಯ ಟೊಪ್ಪಿ ತೊಟ್ಟ ಆ ವೀರರು ನಮ್ಮ ಆಷಾಢದ ಮಳೆಯಲ್ಲಿ, ಆ ಕೆಸರಲ್ಲಿ, ಮೆಣಸಿನ ತೂಕ ನೋಡುತ್ತ ನಿಂತ ಚಿತ್ರ ನನ್ನ ಕಣ್ಣ ಮುಂದೆ ಎಷ್ಟೋ ಸಲ ಬಂದದ್ದುಂಟು. ಅದೇ ಕಾಲಕ್ಕೆ, 1605ರಲ್ಲಿ, ಸ್ಪೇನಿನ ಸರ್ವಾಂಟಿಸ್ ಬರೆದ ‘ಡಾನ್ ಕ್ವಿಕ್ಸೋಟ್’ ಮ್ಯಾಡ್ರಿಡ್‌ನಲ್ಲಿ ಅಚ್ಚಾಯಿತು, ಜಗತ್ತಿನ ಪ್ರಸಿದ್ಧ ಎಡವಟ್ಟು ವೀರನ ಕಥೆ. ಆಗ ಪೋರ್ಚುಗಲ್ಲಿಗೂ ಸ್ಪೇನಿಗೂ ಒಬ್ಬನೇ ದೊರೆ. ಒಬ್ಬನೇ ದೊರೆಯ ಆಳ್ವಿಕೆಯಲ್ಲಿ ಅಲ್ಲಿ ಗಾಳಿಗಿರಣಿಯ ಮೇಲೆ ಏರಿಹೋದ ವೀರ ಹುಟ್ಟಿದ, ಇಲ್ಲಿ ಅವನ ದೊರೆಯ ಜನ ಗೇರುಸೊಪ್ಪೆಯ ಹೆಂಗಸಿನೊಡನೆ ಮೆಣಸಿನ ದರ ಚೌಕಾಶಿ ಮಾಡುತ್ತಿದ್ದರು.

ನನಗೆ ಸಿಟ್ಟು ಬರುವುದು 1623ರಲ್ಲಿ ಬಂದ ಪಿಯೆತ್ರೊ ದೆಲ್ಲಾ ವಾಲೆಯ ಮೇಲೆ. ಇಟಲಿಯವನು, ಪೋರ್ಚುಗೀಸ್ ರಾಯಭಾರಿಯ ಜತೆ ಹೊನ್ನಾವರದಿಂದ ದೋಣಿಯಲ್ಲಿ ಗೇರುಸೊಪ್ಪೆಗೆ ಹೋಗಿ ಇಕ್ಕೇರಿಗೆ ಹತ್ತಿದ. ನಮ್ಮ ಶರಾವತಿಯನ್ನು ಬಾಯಿತುಂಬ ಹೊಗಳಿದ, ಅದಕ್ಕೆ ಅವನಿಗೆ ಕೈ ಮುಗಿಯಬೇಕು. ಹಾಳುಬಿದ್ದ ಪಟ್ಟಣದ ಮೇಲೆ ಮರ ಬೆಳೆದದ್ದನ್ನು ಕಂಡ. ರಾಣಿಯ ಬಗ್ಗೆ ಬರೆದದ್ದು ಮಾತ್ರ ಒಂದು ಪ್ರೇಮದ ಕಥೆ: ಯಾರೋ ಕುಲಗೋತ್ರವಿಲ್ಲದ ಪರದೇಶಿಯನ್ನು ಮೆಚ್ಚಿದಳು, ರಾಜ್ಯವನ್ನೇ ಅವನ ಕೈಗಿಟ್ಟಳು, ಅವನು ತಿರುಗಿಬಿದ್ದು ಇಕ್ಕೇರಿಯ ವೆಂಕಟಪ್ಪ ನಾಯಕನನ್ನು ಕರೆದ, ರಾಜ್ಯ ಹೋಯಿತು, ಅವಳು ಸೆರೆಯಲ್ಲಿ ಸತ್ತಳು, ಆ ದ್ರೋಹಿಯನ್ನು ನಾಯಕನೇ ಕೊಲ್ಲಿಸಿದ. ಪೋರ್ಚುಗೀಸರು ನೆರವಿಗೆ ತಡವಾಗಿ ಬಂದರು, ಬಂದದ್ದೂ ಒಲ್ಲದ ಮನಸ್ಸಿನಿಂದ ಎಂದೂ ಸೇರಿಸಿದ. ಕೇಳಿದ್ದನ್ನು ಬರೆದಿರಬಹುದು. ಆದರೆ ಅರ್ಧ ಶತಮಾನ ರೇವು, ಸುಂಕ, ದೋಣಿ, ಬಸದಿ, ಕೋಟೆ ನೋಡಿಕೊಂಡವಳ ಬದುಕಿನಲ್ಲಿ ಪರದೇಶದ ಗಂಡಸಿಗೆ ಕಂಡದ್ದು ಒಬ್ಬ ಪ್ರಿಯಕರ ಮಾತ್ರವೇ? ಗೇರುಸೊಪ್ಪೆಯ ಕಾಡಿನ ನಡುವೆ ನಾಲ್ಕು ದಿಕ್ಕಿಗೂ ಬಾಗಿಲು ತೆರೆದ ಚತುರ್ಮುಖ ಬಸದಿ ಇಂದಿಗೂ ನಿಂತಿದೆ. ಅದರ ಮುಂದೆ ನಿಂತವರಿಗೆ ಆ ರಾಜ್ಯ ಒಬ್ಬ ಗಂಡಸಿನ ಮೋಹಕ್ಕೆ ಕರಗುವಂಥದ್ದಾಗಿತ್ತು ಎಂದು ಅನ್ನಿಸುವುದಿಲ್ಲ. ಗಜಾನನ ಶರ್ಮರು ಅವಳ ಹೆಸರಲ್ಲೇ ಕಾದಂಬರಿ ಬರೆದು ಈ ತಲೆಮಾರಿನವರಿಗೆ ಅವಳನ್ನು ತಂದುಕೊಟ್ಟದ್ದು ದೊಡ್ಡ ಕೆಲಸ.

“ಅವ ನಮ್ಮ ಆಟ ನೋಡಿಕ್ಕಿ ಹೋಗಿದ್ರೆ ಹಂಗೆ ಬರೀತಿದ್ನಿಲ್ಲೆ” ಅಂದರು ಅಕ್ಕ, ಸೀಳಿದ ಕಡ್ಡಿಗಳನ್ನು ನೆಲಕ್ಕೆ ಕುಟ್ಟಿ ಬುಡ ಸಮ ಮಾಡುತ್ತ.

ಆ ಮಾತಿನಿಂದಲೇ ನನ್ನ ಒಳಗಿನದ್ದು ಹೊರಬಂತು. ಆ ಆಟವೇ ಈಗ ಸಣ್ಣದಾಗುತ್ತಿದೆ. ರಾತ್ರಿ ನಾವು ನೋಡಿದ್ದು ಕಾಲಮಿತಿಯ ಆಟ, ಊಟ ಮುಗಿಸಿ ಹೋಗಿ ಮಲಗುವ ಹೊತ್ತಿಗೆ ಮನೆಗೆ. ಆ ಜಪಮಾಲೆ ಕೊಟ್ಟದ್ದು ಆಯಿತೋ ಇಲ್ಲವೋ, ಭಾಗವತರು ಮುಂದಿನ ಪದ್ಯ ಎತ್ತಿಬಿಟ್ಟರು. ಸುಭದ್ರೆಗೆ ಇನ್ನೆರಡು ಮಾತು ಬಾಕಿ ಇತ್ತು, ಬಾಯಿ ತೆರೆದವಳು ಹಾಗೇ ಹೆಜ್ಜೆ ಹಾಕಬೇಕಾಯಿತು. ಬಲರಾಮನ ಸಿಟ್ಟಿನ ಕುಣಿತಕ್ಕೆ ಮಾತ್ರ ಬೇಕಾದಷ್ಟು ಹೊತ್ತು. ಬೆಳತನಕದ ಆಟ ಮೂರು ತಾಸಿಗೆ ಇಳಿದಾಗ ಮೊದಲು ಕತ್ತರಿ ಬೀಳುವುದು ಹೆಣ್ಣಿನ ಮಾತಿಗೆ. ಓಟ ಉಳಿಯುತ್ತದೆ, ಹಾರಾಟ ಉಳಿಯುತ್ತದೆ, ಗಂಡಸು ಬೀಳುವುದೂ ಉಳಿಯುತ್ತದೆ. ಅವಳು ಅವನನ್ನು ಅರಿತದ್ದು ಹೋಗುತ್ತದೆ. ಅದು ಹೋದ ಮೇಲೆ ಉಳಿಯುವ ಹಾಸ್ಯ ಬರೀ ಮುಗ್ಗರಿಕೆ. ಹೊತ್ತಿಲ್ಲದ ಕಡೆ ನಗಿಸಬೇಕೆಂದರೆ ಹಾಸ್ಯಗಾರನೂ ಎರಡರ್ಥದ ಮಾತಿಗೆ ಕೈ ಹಾಕುತ್ತಾನೆ, ಅದಕ್ಕೆ ಅವನೊಬ್ಬನನ್ನೇ ಬೈದು ಫಲವಿಲ್ಲ.

ಈ ಕರಾವಳಿ ಹಾಸ್ಯವನ್ನು ಹಗುರಾಗಿ ತಿಳಿದದ್ದಲ್ಲ. ಕರ್ಕಿಯಲ್ಲಿ ಒಂದು ಮನೆತನದ ಅಡ್ಡಹೆಸರೇ ಹಾಸ್ಯಗಾರ, ಅದು ತಲೆಮಾರುಗಳ ಗೌರವ. ಗುಣವಂತೆಯಲ್ಲಿ ಕೆರೆಮನೆ ಶಿವರಾಮ ಹೆಗಡೆಯವರು 1934ರಲ್ಲಿ ಕಟ್ಟಿದ ಇಡಗುಂಜಿ ಮೇಳದಲ್ಲಿ ಅವರ ಮಗ ಶಂಭು ಹೆಗಡೆಯವರಿಗೆ ಒಂದು ನೋಟ, ಒಂದು ಮೌನ ಎಷ್ಟು ಹೊತ್ತು ಇರಬೇಕೋ ಅಷ್ಟು ಹೊತ್ತು ಇರಲೇಬೇಕಿತ್ತು. ಅದೇ ಕೆರೆಮನೆಯ ಗಜಾನನ ಹೆಗಡೆಯವರ ಸ್ತ್ರೀವೇಷದ ಮಾತನ್ನು ಹಿರಿಯರು ಈಗಲೂ ಎತ್ತುತ್ತಾರೆ. ಈಗ ಹೆಣ್ಣುಮಕ್ಕಳೇ ಗೆಜ್ಜೆ ಕಟ್ಟಿ ರಂಗಕ್ಕೆ ಬರುತ್ತಿದ್ದಾರೆ, ನನಗೆ ಅದರಷ್ಟು ಸಂತೋಷ ಬೇರೆ ಇಲ್ಲ. ಅವರಿಗೆ ಗೆಜ್ಜೆಯ ಜತೆ ಮಾತಿಗೂ ಹೊತ್ತು ಕೊಡಬೇಕು. ಸುಭದ್ರೆಗೆ ಅರ್ಧ ಗಂಟೆ, ವಿಷಯೆಗೆ ಅರ್ಧ ಗಂಟೆ. ಯಾರಾದರೂ ಒಬ್ಬರು ಚೆನ್ನಭೈರಾದೇವಿಯ ಮೇಲೆ ಒಳ್ಳೆಯ ಪ್ರಸಂಗ ಕಟ್ಟಿ, ಮೆಣಸಿನ ಚೀಲಗಳ ನಡುವೆ ಒಬ್ಬ ಪೋರ್ಚುಗೀಸ್ ಸರದಾರನನ್ನು ಹಾಸ್ಯಗಾರನ ಕೈಗೆ ಕೊಟ್ಟರೆ, ನಾನು ಘಟ್ಟ ಹತ್ತಿಯಾದರೂ ನೋಡಿ ಬರುತ್ತೇನೆ.

“ಬಪ್ಪ ವರ್ಷ ಎಂಗಳ ಮನೆ ಹರಕೆ ಆಟ ಇದ್ದು” ಅಂದರು ಅಕ್ಕ. “ಯಾವ ಪ್ರಸಂಗ ಮಾಡ್ಸದು ಹೇಳು.”

ನಾನು ‘ಸುಭದ್ರಾ ಕಲ್ಯಾಣ’ ಎಂದೆ, ಸನ್ಯಾಸಿಯ ಭಾಗ ಪೂರ್ತಿ ಇರಬೇಕು ಎಂದೆ. ಅಕ್ಕನಿಗೆ ‘ವಿರಾಟ ಪರ್ವ’ ಆಗಬೇಕು, ಉತ್ತರ ಗೊಂಬೆಬಟ್ಟೆ ಹೆಕ್ಕುವುದನ್ನು ನೋಡದೆ ಎಷ್ಟು ವರ್ಷವಾಯಿತೋ ಎಂಬ ವಾದ. ಸ್ವಲ್ಪ ಹೊತ್ತು ಎಳೆದಾಡಿದೆವು.

“ಎರಡೂ ಮಾಡ್ಸನ. ಬೆಳಗಿನವರೆಗೂ ಹೊತ್ತಿದ್ದು. ಕಾಲಮಿತಿ ಬೇಡ ಹೇಳಿ ವೀಳ್ಯ ಕೊಡಕರೇ ಹೇಳಿಬಿಡವು, ನೀನೂ ಸಂತಿಗೆ ಬಾ.”

ಬರುತ್ತೇನೆ ಎಂದೆ. ನಡುರಾತ್ರಿಯ ಚಹಾ, ಬೆಳಗಿನ ಅವಲಕ್ಕಿ ನಮ್ಮ ಮನೆಯ ಲೆಕ್ಕಕ್ಕೆ ಎಂದೂ ಒಪ್ಪಿಕೊಂಡೆ.